ಜಡ್ಜು ಸಾಹೇಬರ ಮುಂದಿನ ಹಲ್ಲು

"ಕೆಮ್ಮಬೇಡಿ" ಎಂದು ಹೆಂಡತಿ ಹೇಳುವಷ್ಟರಲ್ಲಿ ಜಡ್ಜು ಕೆಮ್ಮಿಯಾಗಿತ್ತು.

ಅಡುಗೆಮನೆಯಲ್ಲಿ ಎಲ್ಲವೂ ನಿಂತುಹೋಯಿತು. ಹೆಂಡತಿಯ ಕೈಯ ಸೌಟು ಪಾತ್ರೆಯ ಮೇಲೆ ಗಾಳಿಯಲ್ಲೇ ನಿಂತಿತು. ಬಾಗಿಲಲ್ಲಿ ಚಪ್ಪಲಿ ಬಿಡುತ್ತಿದ್ದ ಭಾಮೈದ ಒಂಟಿಕಾಲಲ್ಲಿ ನಿಂತ. ಜಡ್ಜು ಎರಡೂ ಕೈಯಿಂದ ಬಾಯಿ ಮುಚ್ಚಿಕೊಂಡು, ಕಣ್ಣು ಅಗಲಿಸಿ, ನಾಲಿಗೆಯ ತುದಿಯನ್ನು ಕತ್ತಲ ಕೋಣೆಗೆ ಕಾಲಿಡುವವರ ಹಾಗೆ ಮೆಲ್ಲಗೆ ಮೇಲಕ್ಕೆ ಕಳಿಸಿದರು.

"ಇದೆಯಾ?" ಎಂದಳು ಹೆಂಡತಿ.

ಜಡ್ಜು ತಲೆಯಾಡಿಸಿದರು. ಇದೆ.

"ಎಷ್ಟಿದೆ?"

ಜಡ್ಜು ಹೆಬ್ಬೆರಳಿಗೂ ತೋರುಬೆರಳಿಗೂ ಮಧ್ಯೆ ಸಾಸಿವೆ ಕಾಳಿನಷ್ಟು ಜಾಗ ಬಿಟ್ಟು ತೋರಿಸಿದರು.

"ಅಷ್ಟು ಅಲ್ಲಾಡ್ತಿದೆ ಅಂತಲೋ, ಅಷ್ಟರಲ್ಲೇ ನಿಂತಿದೆ ಅಂತಲೋ?" ಎಂದ ಭಾಮೈದ, ಇನ್ನೊಂದು ಕಾಲು ಕೆಳಗಿಡುತ್ತ. "ಗಂಜಿಗೆ ಮೆಣಸು ಹಾಕಬೇಡ ಅಂದಿದ್ದೆ ತಾನೇ ಅಕ್ಕ."

"ಗಂಜಿಗೆ ಮೆಣಸೂ ಇಲ್ಲ, ಉಪ್ಪೂ ಇಲ್ಲ. ನಿನ್ನ ಮೈಯಿಂದ ಬರೋ ಚಪ್ಪಲಿ ಅಂಟಿನ ವಾಸನೆಗೆ ಕೆಮ್ಮು ಬಂದಿರೋದು. ಹೊರಗೆ ನಿಂತು ಮಾತಾಡು."

ಪಾದರಕ್ಷೆಯ ಅಂಗಡಿ ಇಟ್ಟ ಭಾಮೈದ ವಿಧೇಯನಾಗಿ ಹೊಸಲಿನಾಚೆ ನಿಂತ. ಜಡ್ಜು ಕೈ ಕೆಳಗಿಳಿಸಿದರು. ಬಾಯಿ ಮಾತ್ರ ತೆರೆಯಲಿಲ್ಲ. ಅವರು ಬಾಯಿ ತೆರೆಯದೆ ಅಂದಿಗೆ ಮೂರು ದಿನವಾಗಿತ್ತು.

ಇಷ್ಟಕ್ಕೂ ಈ ಮನುಷ್ಯ ಒಂದು ದಿನವೂ ನ್ಯಾಯಾಧೀಶರಾಗಿದ್ದವರಲ್ಲ. ಮೂವತ್ತು ವರ್ಷ ತಕ್ಕಡಿ ತಯಾರಿಸುವ ಕಾರ್ಖಾನೆಯಲ್ಲಿ ಗುಮಾಸ್ತರಾಗಿದ್ದರು. ಅಲ್ಲಿ ರಜೆ ಹಾಕಿ ಹಾಕಿ ಮೂವತ್ತೊಂದು ಸಿನಿಮಾಗಳಲ್ಲಿ ಜಡ್ಜು ಆಗಿದ್ದರು. ಹಣೆ ದೊಡ್ಡದಿತ್ತು, ಅದಕ್ಕೆ. ಮೇಜಿನ ಹಿಂದೆ ಕೂರುವ ಪಾತ್ರವಾದ್ದರಿಂದ ಮೇಲೆ ಕರಿಕೋಟು, ಕೆಳಗೆ ಮನೆಯ ಪೈಜಾಮ. ಮೂವತ್ತೊಂದರಲ್ಲೂ ಮಾತು ಒಂದೇ: "ಈ ಪ್ರಕರಣವನ್ನು ಮುಂದಿನ ತಿಂಗಳಿಗೆ ಮುಂದೂಡಲಾಗಿದೆ." ತೀರ್ಪು ಕೊಡುವ ದೃಶ್ಯ ಬಂದಾಗ ಬೇರೆ ಜಡ್ಜನ್ನು ಕರೆಸುತ್ತಿದ್ದರು, ಹಲ್ಲು ನೆಟ್ಟಗಿದ್ದವನನ್ನು. ನಮ್ಮ ಜಡ್ಜು ಸಾಹೇಬರ ಮೇಲ್ಸಾಲಿನ ಮುಂದಿನ ಹಲ್ಲೊಂದು ಉಳಿದವಕ್ಕಿಂತ ಉದ್ದವಾಗಿ, ಎಡಕ್ಕೆ ವಾಲಿ, ತುಂಬಿದ ಬಸ್ಸಿನ ಮೆಟ್ಟಿಲ ಮೇಲೆ ಜೋತುಬಿದ್ದವನ ಹಾಗೆ ಹೊರಕ್ಕೆ ಬಾಗಿತ್ತು. "ಸಾರ್, ಮುಂದೂಡುವಾಗ ಬಾಯಿ ಸ್ವಲ್ಪ ಮುಚ್ಚಿಕೊಂಡೇ ಮುಂದೂಡಿ" ಎನ್ನುತ್ತಿದ್ದರು ನಿರ್ದೇಶಕರು. ಹೀಗೆ ಬಾಯಿ ಮುಚ್ಚಿಕೊಂಡು ಅವರಿಗೆ ಅರವತ್ತನಾಲ್ಕು ವರ್ಷವಾಯಿತು. ಬೀದಿಯವರಿಗೆಲ್ಲ ಅವರು ಜಡ್ಜ್ ಸಾರ್, ಭಾಮೈದನಿಗೆ ಜಡ್ಜ್ ಭಾವ. ಹೆಂಡತಿಗೆ ಮಾತ್ರ ಬರೀ "ರೀ."

ಆಗ ಬಂದವಳು ನಿರ್ದೇಶಕಿ. ಮೂವತ್ತು ದಾಟದ ಹುಡುಗಿ. ಎರವಲು ತಂದ ಕ್ಯಾಮೆರಾ, ಅದನ್ನು ಹಿಡಿಯಲು ಒಬ್ಬ ಕ್ಯಾಮೆರಾದವನು, ಒಂದು ಬೆನ್ನಚೀಲ: ಇಷ್ಟೇ ಅವಳ ಚಿತ್ರಸಂಸ್ಥೆ. ಮೊದಲ ಸಲ ಮನೆಗೆ ಬಂದಾಗ ಜಡ್ಜು ಬಾಯಿ ಮುಚ್ಚಿಕೊಂಡೇ "ಬನ್ನಿ" ಅಂದರು. ಅವಳು ಕುರ್ಚಿಯ ತುದಿಗೆ ಸರಿದು, "ಅಂಕಲ್, ಒಂದು ಸಲ ನಗಿ" ಅಂದಳು. ನಕ್ಕರು. ಅವಳು ಎದ್ದು ನಿಂತು ಕಿಟಕಿ ಪರದೆ ಸರಿಸಿ, "ಇನ್ನೊಂದು ಸಲ" ಅಂದಳು.

ಅವಳ ಸಿನಿಮಾ, ಹಳೇ ಕಚೇರಿಯೊಂದರಲ್ಲಿ ಲಿಫ್ಟ್ ನಡೆಸುವವನ ಕಥೆ. ಮೊದಲ ದೃಶ್ಯದಲ್ಲಿ ಅವನು ಅಂಗಿಗೆ ಗುಂಡಿ ಹೊಲಿದು ದಾರವನ್ನು ಆ ವಾಲಿದ ಹಲ್ಲಿನಿಂದ ಕಡಿಯುತ್ತಾನೆ. ಆಮೇಲೆ ಒಂದೂವರೆ ಗಂಟೆ ಬಾಯಿ ತೆರೆಯುವುದಿಲ್ಲ. ಕೊನೆಯ ಶಾಟಿನಲ್ಲಿ, ಖಾಲಿ ಲಿಫ್ಟಿನಲ್ಲಿ ಒಬ್ಬನೇ ಕೂತು, ನಗುತ್ತಾನೆ. "ಆ ನಗು ಇಲ್ಲದಿದ್ರೆ ಈ ಸಿನಿಮಾನೇ ಇಲ್ಲ ಅಂಕಲ್. ಹಲ್ಲು ಗಟ್ಟಿ ತಾನೇ?" ಎಂದಿದ್ದಳು.

ಆಗ ಜಡ್ಜು ಆಡಿದ ಮಾತೇ ಎಲ್ಲದಕ್ಕೂ ಮೂಲ. ಎರಡು ವರ್ಷದಿಂದ ಬ್ರೆಡ್ಡನ್ನು ಹಾಲಲ್ಲಿ ನೆನೆಸಿ ತಿನ್ನುತ್ತಿದ್ದ ಮನುಷ್ಯ, ಎದೆ ಸೆಟೆಸಿ, "ಇದರಲ್ಲಿ ಸೋಡಾ ಬಾಟಲಿ ಮುಚ್ಚಳ ತೆಗೀತೀನಮ್ಮ" ಅಂದುಬಿಟ್ಟರು. ಕಾಫಿ ತರುತ್ತಿದ್ದ ಹೆಂಡತಿ ಬಾಗಿಲಲ್ಲೇ ಹಿಂದಕ್ಕೆ ತಿರುಗಿ ಅಡುಗೆಮನೆಗೆ ಹೋಗಿ ಒಂದು ನಿಮಿಷ ನಿಂತು ಬಂದಳು.

ಸಿನಿಮಾ ಮುಗಿಯುತ್ತ ಬಂತು. ಕೊನೆಯ ಶಾಟಿನ ಹೊತ್ತಿಗೆ ಲಿಫ್ಟು ಕೆಟ್ಟಿತು. ಅದು ರಿಪೇರಿಯಾಗುವ ಹೊತ್ತಿಗೆ ಅನುಮತಿ ಕೊಟ್ಟಿದ್ದ ಅಧಿಕಾರಿ ನಿವೃತ್ತರಾದರು, ಹೊಸದಾಗಿ ಅರ್ಜಿ ಹಾಕಬೇಕಾಯಿತು. ಇಷ್ಟರಲ್ಲಿ ನಿರ್ದೇಶಕಿ ಆದಷ್ಟನ್ನೇ ಜೋಡಿಸಿ ಸಮುದ್ರದಾಚೆಯ ಒಂದು ಚಿತ್ರೋತ್ಸವಕ್ಕೆ ಕಳಿಸಿದ್ದಳು. ಅವರು ಒಪ್ಪಿಬಿಟ್ಟರು. ಒಂದೇ ಷರತ್ತು: ಕೊನೆಯ ನಗು ಈ ತಿಂಗಳ ಮೂವತ್ತರೊಳಗೆ ಬರಬೇಕು. ಪತ್ರಿಕೆಯಲ್ಲಿ ಸುದ್ದಿ ಬಂತು. ಪೋಸ್ಟರೂ ಬಂತು. ಅದರಲ್ಲಿ ಮೂಗಿನ ಕೆಳಗಿಂದ ಗಲ್ಲದವರೆಗೆ ಜಡ್ಜಿನ ಮುಖ, ನಟ್ಟನಡುವೆ ದಾರ ಕಚ್ಚಿದ ಹಲ್ಲು. ಭಾಮೈದ ಅದನ್ನು ಚೌಕಟ್ಟು ಹಾಕಿಸಿ ತಂದು ಗೋಡೆಗೆ ಹಿಡಿದು, "ಅಕ್ಕ, ಇದರಲ್ಲಿ ಭಾವ ಎಲ್ಲಿ?" ಎಂದು ಕೇಳಿದ.

"ಹಲ್ಲಿನ ಹಿಂದೆ ಇದ್ದಾರೆ" ಎಂದಳು ಅಕ್ಕ.

ಜಡ್ಜು ನಕ್ಕರು. ಆದರೆ ಆ ದಿನವೆಲ್ಲ ಆಗಾಗ ಹೋಗಿ ಪೋಸ್ಟರಿನ ಮುಂದೆ ನಿಂತು, ತನಗಿಂತ ಮುಂಚೆ ಬಡ್ತಿ ಪಡೆದ ಸಹೋದ್ಯೋಗಿಯನ್ನು ನೋಡುವ ಹಾಗೆ ಅದನ್ನು ನೋಡುತ್ತಿದ್ದರು. ಮಾರನೆಯ ಬೆಳಿಗ್ಗೆ ಬಾಯಿ ಮುಕ್ಕಳಿಸುವಾಗ ಹಲ್ಲು ಅಲ್ಲಾಡಿತು.

ಹಲ್ಲಿನ ಡಾಕ್ಟರು ಒಂದು ಸಣ್ಣ ಕನ್ನಡಿ ಹಾಕಿ ನೋಡಿ, "ಇದು ತಾನಾಗಿ ನಿಂತಿಲ್ಲ, ಅಭ್ಯಾಸಬಲದಿಂದ ನಿಂತಿದೆ. ತೆಗೆದುಬಿಡೋಣ" ಎಂದರು.

"ಮೂವತ್ತನೇ ತಾರೀಕಿನವರೆಗೆ ಇರಬೇಕು ಡಾಕ್ಟ್ರೇ" ಎಂದಳು ಹೆಂಡತಿ.

"ಯಾಕಮ್ಮ, ಏನಾದ್ರೂ ಸಮಾರಂಭವಾ?"

"ಹಲ್ಲಿಗೆ ಒಂದು ಪಾತ್ರ ಇದೆ."

ಡಾಕ್ಟರು ಕನ್ನಡಿ ಕೆಳಗಿಟ್ಟು ಇಬ್ಬರನ್ನೂ ನೋಡಿದರು. ಪಕ್ಕದ ಹಲ್ಲಿಗೆ ತಂತಿಯಿಂದ ಕಟ್ಟಬಹುದಲ್ಲ ಎಂದು ಜಡ್ಜು ಕೇಳಿದ್ದಕ್ಕೆ, "ಪಕ್ಕದ್ದೇ ಯಾರಾದ್ರೂ ಹಿಡ್ಕೊಂಡಾರಾ ಅಂತ ನೋಡ್ತಿದೆ. ಅಲ್ಲದೆ ತಂತಿ ಕಾಣುತ್ತೆ" ಎಂದರು. ಕೊನೆಗೆ ಲೆಕ್ಕ ಹೇಳಿದರು: "ಕಚ್ಚದೆ ಇದ್ರೆ ಎರಡು ವಾರ. ಮಾತೂ ಆಡದೆ ಇದ್ರೆ ಮೂರು. ನಾಲಿಗೆ ಪ್ರತಿ ಮಾತಿಗೂ ಹಿಂದಿನಿಂದ ನೂಕ್ತಾ ಇರುತ್ತಲ್ಲ. ಆಮೇಲಿನದು ನನ್ನ ಕೈಲಿಲ್ಲ."

ಅಂದಿಗೆ ತಾರೀಕು ಎಂಟು. ಮೂರು ವಾರವೆಂದರೆ ಇಪ್ಪತ್ತೊಂಬತ್ತು. ಜಡ್ಜು ಆಸ್ಪತ್ರೆಯ ಮೆಟ್ಟಿಲ ಮೇಲೆ ನಿಂತು, "ಆ ಹುಡುಗಿಗೆ ಒಂದಕ್ಷರ ಗೊತ್ತಾಗಬಾರದು" ಎಂದರು. ಅದೇ ಕೊನೆಯ ಮಾತು. ಬಾಯಿ ಮುಚ್ಚಿದರು.

ಸೋಡಾ ಬಾಟಲಿಯ ಮಾತಾಡಿದ ಮೇಲೆ ಯಾವ ಮುಖ ಇಟ್ಟುಕೊಂಡು ಹೇಳುವುದು? ಹೇಳಿದರೆ ಅವಳು ಕೊನೆಯ ಶಾಟನ್ನೇ ಕೈಬಿಟ್ಟರೆ? ಉತ್ಸವದವರು ಸಿನಿಮಾವನ್ನೇ ಕೈಬಿಟ್ಟರೆ? ಮೂವತ್ತು ವರ್ಷದಲ್ಲಿ ಒಂದು ಸಲ ಪೈಜಾಮದವರೆಗೂ ಕಾಣುವ ಪಾತ್ರ ಸಿಕ್ಕಿದೆ. ಅದು ಈಗ ಒಂದು ಹಲ್ಲಿನ ಬುಡದಲ್ಲಿ ನಿಂತಿದೆ.

ಇಷ್ಟೇ ಆಗಿದ್ದರೆ ಮೂರು ವಾರ ಹೇಗೋ ಕಳೆದುಹೋಗುತ್ತಿತ್ತು. ಆದರೆ ಲಿಫ್ಟಿದ್ದ ಹಳೇ ಕಚೇರಿಗೆ ಹೊಸದಾಗಿ ಮೇಲ್ವಿಚಾರಕರಾಗಿ ಬಂದವರು ಬೇರೆ ಯಾರೂ ಅಲ್ಲ, ಜಡ್ಜು ವಾಸವಿದ್ದ ಕಟ್ಟಡದಲ್ಲೇ ಕೆಳಗಿನ ಮನೆಯವರು. ಹಸನ್ಮುಖಿ. ಹನ್ನೊಂದು ವರ್ಷದಿಂದ ಮೆಟ್ಟಿಲ ಬುಡದಲ್ಲಿ ನಿಂತು ಹೋಗುವವರನ್ನೂ ಬರುವವರನ್ನೂ ಮಾತಾಡಿಸುವುದೇ ಅವರ ವ್ಯಾಯಾಮ.

ಒಂಬತ್ತನೇ ತಾರೀಕು ಬೆಳಿಗ್ಗೆ ಜಡ್ಜು ಹಾಲು ತರಲು ಇಳಿದರು. ಮೇಲ್ವಿಚಾರಕರು ಪತ್ರಿಕೆ ಮಡಚಿ ಹಿಡಿದು ಕಾಯುತ್ತಿದ್ದರು.

"ಏನ್ ಜಡ್ಜ್ ಸಾರ್, ಪೇಪರಲ್ಲೆಲ್ಲ ನೀವೇ. ನಮ್ಮ ಲಿಫ್ಟೂ ಫೇಮಸ್ ಆಗೋಯ್ತು. ನಿಮ್ಮ ಕೆಲಸ ನನ್ನ ಟೇಬಲ್ ಮೇಲೇ ಬರುತ್ತಂತೆ, ಒಂದು ಮಾತು ಹೇಳಿದ್ರೆ ಸಾಕಿತ್ತು. ಏನಂತೀರಿ?"

ಜಡ್ಜು ಏನೂ ಅನ್ನಲಿಲ್ಲ. ತುಟಿ ಬಿಗಿದುಕೊಂಡು, ಗಲ್ಲ ಎತ್ತಿ, ಒಂದು ಸಲ ನಿಧಾನವಾಗಿ ತಲೆಯಾಡಿಸಿದರು. ಜೋರಾಗಿ ಆಡಿಸಿದರೆ ಹಲ್ಲಿಗೆ ಪೆಟ್ಟು ಎಂಬ ಭಯ. ಆದರೆ ಮೂವತ್ತೊಂದು ಸಿನಿಮಾಗಳಲ್ಲಿ ಪಳಗಿದ ತಲೆ. ಕಟಕಟೆಯಲ್ಲಿ ನಿಂತ ಜೇಬುಗಳ್ಳನ ಮನವಿಯನ್ನು ಆಲಿಸಿ ಕಡತ ಮುಚ್ಚಿದ ಹಾಗಿತ್ತು ಅದು.

ಮೇಲ್ವಿಚಾರಕರು ಪತ್ರಿಕೆಯನ್ನು ಇನ್ನೊಂದು ಮಡಿಕೆ ಮಡಚಿದರು.

ಹತ್ತನೇ ತಾರೀಕೂ ಹಾಗೇ ಆಯಿತು. ಹನ್ನೊಂದಕ್ಕೆ ಜಡ್ಜು, ಮಾತು ತಪ್ಪಿಸಿಕೊಳ್ಳಲು, ಮೇಲ್ವಿಚಾರಕರನ್ನು ಕಂಡು ಅರ್ಧ ಮೆಟ್ಟಿಲಿಂದಲೇ ವಾಪಸು ಹತ್ತಿದರು. ಆ ದಿನವೇ ಕೆಮ್ಮು ಬಂದದ್ದು. ಮೆಟ್ಟಿಲು ಹತ್ತಿದ ಏದುಸಿರಿಗೋ ಅಂಟಿನ ವಾಸನೆಗೋ ಎಂಬುದು ಅಕ್ಕ ತಮ್ಮನ ನಡುವೆ ಇನ್ನೂ ಇತ್ಯರ್ಥವಾಗಿಲ್ಲ.

ಮಧ್ಯಾಹ್ನ ಮೇಲ್ವಿಚಾರಕರ ಹೆಂಡತಿ ಬಟ್ಟೆ ಒಣಹಾಕುತ್ತ ಕೇಳಿದಳು: "ಯಾಕ್ರೀ, ನಿಮ್ಮ ಯಜಮಾನ್ರಿಗೆ ನಮ್ಮ ಮನೆಯವರ ಮೇಲೆ ಏನಾದ್ರೂ ಬೇಜಾರಾ?"

"ಅಯ್ಯೋ ಇಲ್ಲ. ಪಾತ್ರಕ್ಕೆ ತಯಾರಿ. ಮಾತಾಡದೆ ಇರೋ ಅಭ್ಯಾಸ ಮಾಡ್ತಿದ್ದಾರೆ" ಎಂದಳು ಜಡ್ಜಿನ ಹೆಂಡತಿ. ಸುಳ್ಳು ಹೇಳುವಾಗ ಅವಳ ಕೈ ತಾನಾಗಿ ಬಟ್ಟೆ ಹಿಂಡುತ್ತದೆ. ಒಣಗಿದ ಬಟ್ಟೆಯನ್ನೂ ಹಿಂಡಿದಳು.

ಅದೇ ಸಂಜೆ ಅಂಗಡಿಗೆ ಚಪ್ಪಲಿ ಕೊಳ್ಳಲು ಬಂದ ಮೇಲ್ವಿಚಾರಕರಿಗೆ ಭಾಮೈದ ತನ್ನ ಸ್ವಂತ ಕಾರಣ ಕೊಟ್ಟ. "ಗಂಟಲಿಗೆ ಸೋಂಕು ಸಾರ್. ಭಾವನಿಗೆ ಮಾತೇ ಹೊರಡ್ತಿಲ್ಲ. ಪಾಪ."

ರಾತ್ರಿ ಊಟಕ್ಕೆ ಕೂತು ಮೇಲ್ವಿಚಾರಕರೂ ಅವರ ಹೆಂಡತಿಯೂ ಎರಡು ಕಾರಣಗಳನ್ನೂ ಪಕ್ಕಪಕ್ಕ ಇಟ್ಟು ನೋಡಿದರು. ಮರುದಿನದಿಂದ ಮೇಲ್ವಿಚಾರಕರು ಮೆಟ್ಟಿಲ ಬುಡದಲ್ಲಿ ನಿಲ್ಲಲಿಲ್ಲ. ಎದುರು ಮನೆಯ ಟೈಲರ್ ಅಜ್ಜನ ಹತ್ತಿರ, ಮೇಲಿನ ಕಿಟಕಿಗೆ ಕೇಳಿಸುವಷ್ಟು ದನಿಯಲ್ಲಿ, "ವಿದೇಶದವರು ಒಂದು ಸಲ ಕರೆದ್ರೆ ಸಾಕು, ಜನಕ್ಕೆ ಬಾಯೇ ಬರಲ್ಲ" ಎಂದರು.

ಮೇಲೆ ಕಿಟಕಿಯ ಹಿಂದೆ ಬಾಯಿ ಬಾರದ ಜಡ್ಜು ಹಳೇ ಕರೆಂಟ್ ಬಿಲ್ಲಿನ ಹಿಂಬದಿ ಬರೆದು ಹೆಂಡತಿಗೆ ತೋರಿಸಿದರು: "ಹೋಗಿ ನಿಜ ಹೇಳು."

"ಹೇಳ್ತೀನಿ. ಸಂಜೆಯೊಳಗೆ ಟೈಲರ್ ಅಜ್ಜನಿಗೆ ಗೊತ್ತಾಗುತ್ತೆ. ನಾಳೆ ಪೇಪರಿನವನಿಗೆ. ನಾಡಿದ್ದು ನಿಮ್ಮ ಹುಡುಗಿಗೆ. ಹೇಳಲಾ?"

ಜಡ್ಜು ಬಿಲ್ಲು ವಾಪಸು ತೆಗೆದುಕೊಂಡು ಬರೆದದ್ದನ್ನು ಹೊಡೆದುಹಾಕಿದರು.

ಹದಿನಾರನೇ ತಾರೀಕು ನಿರ್ದೇಶಕಿ ಓಡಿಬಂದಳು. "ಅಂಕಲ್, ಆ ಮೇಲ್ವಿಚಾರಕರಿಗೆ ಏನಾಗಿದೆ? ಅರ್ಜಿ ಕೊಟ್ರೆ ಓದ್ತಾರೆ, ಪೇಪರ್‌ವೇಟ್ ತಗೊಂಡು ಟೇಬಲ್ಲಿಗೆ ಎರಡು ಸಲ ಕುಟ್ತಾರೆ, ‘ಮುಂದಿನ ಮಂಗಳವಾರಕ್ಕೆ ಮುಂದೂಡಲಾಗಿದೆ’ ಅಂತಾರೆ. ಎರಡು ಸಲ ಆಯ್ತು."

ಜಡ್ಜು ಕಣ್ಣು ಮುಚ್ಚಿಕೊಂಡರು. ಮೂವತ್ತೊಂದು ಸಿನಿಮಾಗಳಲ್ಲಿ ಅವರ ಮೇಜಿನ ಮುಂದೆ ಕಣ್ಣೀರಿಟ್ಟ ತಾಯಂದಿರು, ಜೈಲಿಗೆ ಹೋದ ನಿರಪರಾಧಿಗಳು ಎಲ್ಲರೂ ಸಾಲಾಗಿ ಬಂದು ಎದುರು ನಿಂತ ಹಾಗಾಯಿತು.

"ನೀವ್ಯಾಕೆ ಮಾತಾಡ್ತಿಲ್ಲ?" ಎಂದಳು ನಿರ್ದೇಶಕಿ.

"ಪಾತ್ರದ ತಯಾರಿ" ಎಂದಳು ಹೆಂಡತಿ. ಬಾಗಿಲಾಚೆಯಿಂದ ಭಾಮೈದ, "ಗಂಟಲು" ಎಂದ.

ನಿರ್ದೇಶಕಿ ಇಬ್ಬರನ್ನೂ ನೋಡಿ, ಜಡ್ಜಿನ ಕೈ ಹಿಡಿದುಕೊಂಡಳು. ಅವಳ ಕಣ್ಣು ತುಂಬಿ ಬಂದಿತ್ತು. "ಇಷ್ಟು ಶ್ರದ್ಧೆ ನಾನು ಯಾರಲ್ಲೂ ನೋಡಿಲ್ಲ ಅಂಕಲ್. ಅವರು ಹೇಳೋದು ಒಂದೇ, ನಟರು ಸ್ವತಃ ಬರಲಿ ಅಂತ. ಬರ್ತೀರಲ್ಲ?"

ಜಡ್ಜು ತಲೆಯಾಡಿಸಿದರು. ಅಷ್ಟಕ್ಕೇ ಹಲ್ಲು ಒಂದು ಸಲ ತೂಗಿತು.

ಮುಂದಿನ ದಿನಗಳಲ್ಲಿ ಆ ಮನೆ ಮನೆಯಾಗಿರಲಿಲ್ಲ, ಹಲ್ಲೊಂದರ ತೀವ್ರ ನಿಗಾ ಘಟಕವಾಗಿತ್ತು. ಗಂಜಿ ಸ್ಟ್ರಾದಲ್ಲಿ ಹೋಗುತ್ತಿತ್ತು. ಸೀನು ಬಂದರೆ ಹೆಂಡತಿ ಎಲ್ಲಿದ್ದರೂ ಓಡಿಬಂದು ಮೂಗಿನ ಮೇಲೆ ಬೆರಳಿಡುತ್ತಿದ್ದಳು. ಭಾಮೈದ ಬಂದಾಗಲೆಲ್ಲ ಬಾಗಿಲಲ್ಲಿ ನಿಂತು, "ಹೇಗಿದೆ?" ಅನ್ನುತ್ತಿದ್ದ. ಯಾರೂ "ಹೇಗಿದ್ದಾರೆ" ಎಂದು ಕೇಳುತ್ತಿರಲಿಲ್ಲವೆಂಬುದನ್ನು ಜಡ್ಜು ಗಮನಿಸಿದರು. ಒಂದು ದಿನ ಕನ್ನಡಿಯ ಮುಂದೆ ನಿಂತು ತುಟಿ ಎತ್ತಿ, ತಮ್ಮ ಹಲ್ಲನ್ನು ತಾವೇ ಗದರಿಸುವ ಹಾಗೆ ದಿಟ್ಟಿಸಿದರು. ಅದು ಮೊದಲಿಗಿಂತ ಉದ್ದವಾಗಿ ಕಂಡಿತು. ಇಳಿಯುತ್ತಿತ್ತು.

ಇಪ್ಪತ್ತಮೂರಕ್ಕೆ ವಿಚಾರಣೆ ಇತ್ತು. ಮೇಲ್ವಿಚಾರಕರಿಗೆ ಅಂದು ತಪಾಸಣೆಯ ಕೆಲಸ, ಇಪ್ಪತ್ತೆಂಟಕ್ಕೆ ಮುಂದೂಡಲಾಯಿತು.

ಇಪ್ಪತ್ತೆಂಟನೇ ತಾರೀಕು ಬೆಳಿಗ್ಗೆ ಹನ್ನೊಂದಕ್ಕೆ ಜಡ್ಜು, ಅವರ ಹೆಂಡತಿ, ನಿರ್ದೇಶಕಿ ಹಳೇ ಕಚೇರಿಯ ಎರಡನೇ ಮಹಡಿಯಲ್ಲಿ ನಿಂತಿದ್ದರು. ಮೇಲ್ವಿಚಾರಕರು ದೊಡ್ಡ ಮೇಜಿನ ಹಿಂದೆ ಕೂತಿದ್ದರು. ಮೇಜಿನ ಮೇಲೆ ಗಾಜು, ಗಾಜಿನ ಮೇಲೆ ಅರ್ಜಿ, ಅರ್ಜಿಯ ಪಕ್ಕ ಮೊಹರು, ಶಾಯಿಪ್ಯಾಡು, ಪೇಪರ್‌ವೇಟು. ಕುರ್ಚಿ ಎರಡಿದ್ದವು, ಕೂರಿ ಎಂದು ಯಾರೂ ಅನ್ನಲಿಲ್ಲ. ಮೇಜಿನ ಈಚೆ ಬದಿಯಲ್ಲಿ ಜಡ್ಜು ಇದೇ ಮೊದಲ ಸಲ ನಿಂತದ್ದು. ಕೈ ಎಲ್ಲಿಡಬೇಕೆಂದು ತಿಳಿಯದೆ ಪ್ಯಾಂಟಿನ ಹೊಲಿಗೆಗೆ ಒತ್ತಿಕೊಂಡರು.

"ನಿಮ್ಮ ಪರವಾಗಿ ಯಾರು ಮಾತಾಡ್ತಾರೆ?" ಎಂದರು ಮೇಲ್ವಿಚಾರಕರು.

"ನಾನು" ಎಂದಳು ಹೆಂಡತಿ. "ಹನ್ನೊಂದು ವರ್ಷದಿಂದ ಅಕ್ಕಪಕ್ಕ ಇದ್ದೀವಿ ಅಣ್ಣಾ. ನಿಮ್ಮ ಮಗಳ ಪರೀಕ್ಷೆಗೆ ಇವರೇ ಲೆಕ್ಕ ಹೇಳಿಕೊಟ್ಟಿದ್ದು."

"ಅದನ್ನ ನಾನು ಮರೆತಿಲ್ಲ. ಮರೆತವರು ಯಾರು ಅಂತ ಮೆಟ್ಟಿಲಿಗೆ ಗೊತ್ತು."

"ಅವರದ್ದು ಸೊಕ್ಕಲ್ಲ."

"ಹಾಗಾದ್ರೆ ಏನು? ನೀವು ತಯಾರಿ ಅಂತೀರಿ. ನಿಮ್ಮ ತಮ್ಮ ಸೋಂಕು ಅಂತಾನೆ. ಸಾಕ್ಷಿಗಳ ಹೇಳಿಕೇಲೇ ವಿರೋಧ ಇದೆ." ಮೇಲ್ವಿಚಾರಕರು ಈ ಮಾತನ್ನು ಯಾವ ಸಿನಿಮಾದಿಂದ ಕಲಿತರೆಂದು ಜಡ್ಜಿಗೆ ಗೊತ್ತಿತ್ತು, ಅದರಲ್ಲಿ ತಾವೇ ಇದ್ದರು.

"ಸಾರ್, ಮೂವತ್ತಕ್ಕೆ ಕಳಿಸಬೇಕು. ಎರಡೇ ದಿನ ಇರೋದು" ಎಂದಳು ನಿರ್ದೇಶಕಿ.

"ನಾನೇನು ದೊಡ್ಡದು ಕೇಳ್ತಿಲ್ಲಮ್ಮ." ಮೇಲ್ವಿಚಾರಕರ ದನಿ ತಗ್ಗಿತು. ಅದರಲ್ಲಿ ನಿಜವಾದ ನೋವಿತ್ತು. "ದಿನಾ ಬೆಳಿಗ್ಗೆ ನಾನು ಹತ್ತು ಮಾತಾಡಿದ್ರೆ ಅವರು ಒಂದು ಮಾತಾಡೋರು. ಆ ಒಂದು ಮಾತು ನನಗೆ ಸಾಕಾಗಿತ್ತು. ಈಗ್ಲೂ ಒಂದೇ ಮಾತು. ‘ದಯವಿಟ್ಟು’ ಅನ್ನಲಿ. ಮೊಹರು ಒತ್ತೇಬಿಡ್ತೀನಿ."

ಅಷ್ಟರಲ್ಲಿ ಫೋನು ಬಂದು ನಿರ್ದೇಶಕಿ ಕಾರಿಡಾರಿಗೆ ಓಡಿದಳು. ಹೆಂಡತಿ ಗಂಡನ ಕಡೆ ತಿರುಗಿದಳು. ಜಡ್ಜು ಹೆಂಡತಿಯ ಕಡೆ ತಿರುಗಿದರು. ನಲವತ್ತು ವರ್ಷದ ಸಂಸಾರದಲ್ಲಿ ಇಷ್ಟು ಹೊತ್ತು ಒಬ್ಬರನ್ನೊಬ್ಬರು ನೋಡಿರಲಿಲ್ಲ. ಜಡ್ಜು ಗಲ್ಲವನ್ನು ಅಂಗೈಯಲ್ಲಿ ಆತುಕೊಂಡು, ತುಟಿಗಳನ್ನು ಅರ್ಧ ಇಂಚು ಬಿಡಿಸಿ, ಮಗುವನ್ನು ತೊಟ್ಟಿಲಿಂದ ಎತ್ತಿಕೊಳ್ಳುವಷ್ಟು ಮೆಲ್ಲಗೆ ನಾಲಿಗೆಯನ್ನು ಮುಂದಕ್ಕೆ ತಂದರು.

"ದಯ—"

ಟಕ್.

ಹಲ್ಲು ಮೇಜಿನ ಗಾಜಿನ ಮೇಲೆ ಬಿತ್ತು. ಒಂದು ಸಲ ಪುಟಿದು, ಅರ್ಜಿಯ ಮೇಲೆ ಉರುಳಿ, ಮೊಹರು ಒತ್ತಬೇಕಾದ ಜಾಗದಲ್ಲಿ ನಿಂತಿತು. ಪೇಪರ್‌ವೇಟಿಗಿಂತ ಸ್ಪಷ್ಟವಾದ ಸದ್ದು.

ನಿರ್ದೇಶಕಿ ಇನ್ನೂ ಕಾರಿಡಾರಿನಲ್ಲಿ ಫೋನು ಹಿಡಿದು ಉತ್ಸವದವರಿಗೆ ಸಮಾಧಾನ ಹೇಳುತ್ತಿದ್ದಳು. ಒಳಗಿದ್ದವರು ಮೂವರೇ. ಮೇಲ್ವಿಚಾರಕರು ಹಲ್ಲನ್ನು ನೋಡಿದರು. ಜಡ್ಜಿನ ಬಾಯಿ ನೋಡಿದರು. ಗೋಡೆಗೆ ನಿರ್ದೇಶಕಿ ಅಂಟಿಸಿ ಹೋಗಿದ್ದ ಪೋಸ್ಟರು ನೋಡಿದರು. ಮತ್ತೆ ಹಲ್ಲು ನೋಡಿದರು. ಇಪ್ಪತ್ತು ದಿನದ ಮೆಟ್ಟಿಲುಗಳೆಲ್ಲ ಒಂದೊಂದಾಗಿ ಅವರ ಮುಖದ ಮೇಲೆ ಹಾದುಹೋದವು.

"ಇದಕ್ಕಾ?" ಎಂದರು.

"ಇದಕ್ಕೇ" ಎಂದಳು ಹೆಂಡತಿ.

ಮೇಲ್ವಿಚಾರಕರು ಬೆರಳಿಂದ ಹಲ್ಲನ್ನು ಪಕ್ಕಕ್ಕೆ ಸರಿಸಿ, ಅರ್ಜಿಗೆ ಮೊಹರು ಒತ್ತಿದರು. ಸಾಲದೆಂದು ಹಿಂಬದಿಗೂ ಒತ್ತಿದರು. ಕೇಳದಿದ್ದರೂ ಒಂದು ವಾರದ ಅನುಮತಿ ಬರೆದರು. ಆಮೇಲೆ ಡ್ರಾಯರಿನಿಂದ ಗುಂಡುಪಿನ್ನಿನ ಡಬ್ಬಿ ತೆಗೆದು, ಪಿನ್ನುಗಳನ್ನು ಸುರುವಿ, ಹಲ್ಲನ್ನು ಅದರೊಳಗೆ ಇಟ್ಟು ಎರಡೂ ಕೈಯಿಂದ ಒಪ್ಪಿಸಿದರು.

"ಆ ಹುಡುಗಿಗೆ ಹೇಳಬೇಡಿ" ಎಂದರು ಜಡ್ಜು. ಮಾತಿನ ಜೊತೆ ಗಾಳಿಯೂ ಬಂತು.

"ನನ್ನಾಣೆ ಹೇಳಲ್ಲ ಸಾರ್" ಎಂದರು ಮೇಲ್ವಿಚಾರಕರು. ಅಲ್ಲಿಂದ ಅವರೂ ಸಂಚಿನಲ್ಲಿ ಪಾಲುದಾರರು.

ಮರುದಿನ ಬೆಳಿಗ್ಗೆ ಭಾಮೈದ ಅಂಟಿನ ಟ್ಯೂಬು ಹಿಡಿದು ಬಂದ. "ಅಕ್ಕ, ನಾಲ್ಕೇ ಹನಿ."

"ನಿನ್ನ ಅಂಟು ಹಾಕಿದ ಚಪ್ಪಲಿ ಎರಡು ವಾರಕ್ಕೆ ಬಾಯಿ ಬಿಡುತ್ತೆ."

"ಇವರಿಗೆ ಬೇಕಿರೋದು ಎರಡು ನಿಮಿಷ."

"ಅದು ವಿಷ. ದೂರ ಹೋಗು." ಹೆಂಡತಿ ಮೇಣದಬತ್ತಿ ಹಚ್ಚಿ, ಹನಿ ತಣಿಸಿ, ಬೆರಳಲ್ಲಿ ಉಂಡೆ ಕಟ್ಟಿ, ಹಲ್ಲನ್ನು ಕೂರಿಸಿದಳು. ಕೂತಿತು. ಸ್ವಲ್ಪ ಬಲಕ್ಕೆ ವಾಲಿ ಕೂತಿತು. ತೆಗೆದು ಎಡಕ್ಕೆ ವಾಲಿಸಿ ಕೂರಿಸಿದಳು. ಹೊಸಲಿನಾಚೆ ನಿಂತ ಭಾಮೈದ ಪೋಸ್ಟರನ್ನು ಎತ್ತಿ ಹಿಡಿದು, "ಇನ್ನೊಂದು ಕೂದಲೆಳೆ ಕೆಳಗೆ" ಎಂದು ಸೂಚನೆ ಕೊಡುತ್ತಿದ್ದ. ಜಡ್ಜು ಉಸಿರನ್ನೂ ಮೂಗಿನಿಂದಲೇ, ಕಂತು ಕಂತಾಗಿ ಬಿಡುತ್ತ ಹಳೇ ಕಚೇರಿಗೆ ಹೊರಟರು.

ಲಿಫ್ಟು ಹಳೆಯ ಕಾಲದ್ದು: ಮಡಚುವ ಕಬ್ಬಿಣದ ಬಾಗಿಲು, ನಡೆಸುವವನಿಗೆ ಒಂದು ಸ್ಟೂಲು, ಹಿತ್ತಾಳೆಯ ಹಿಡಿ. ಒಳಗೆ ನಾಲ್ವರು. ಸ್ಟೂಲಿನ ಮೇಲೆ ಜಡ್ಜು, ಎದುರಿಗೆ ಕ್ಯಾಮೆರಾದವನು, ಅವನ ಭುಜದ ಹಿಂದೆ ನಿರ್ದೇಶಕಿ, ಮೂಲೆಯಲ್ಲಿ ಹೊಟ್ಟೆ ಎಳೆದುಕೊಂಡು ನಿಂತ ಮೇಲ್ವಿಚಾರಕರು. ತಮ್ಮ ಲಿಫ್ಟು, ತಾವಿರಲೇಬೇಕು ಎಂದು ಅವರ ಹಟ. ಹೆಂಡತಿ ಹೊರಗೆ, ಕೆಳಗಿನ ಮಹಡಿಯ ಸರಳು ಹಿಡಿದು ನಿಂತಿದ್ದಳು.

"ಮೂರನೇ ಮಹಡಿ ದಾಟಿದ ಮೇಲೆ ನಿಮ್ಮ ಮುಖದ ಮೇಲೆ ಬೆಳಕು ಬರುತ್ತೆ. ಆಗ ನಗಿ ಅಂಕಲ್. ಒಂದೇ ಸಲ. ಅವಸರ ಇಲ್ಲ" ಎಂದಳು ನಿರ್ದೇಶಕಿ.

ಲಿಫ್ಟು ನರಳುತ್ತ ಹೊರಟಿತು. ಒಂದನೇ ಮಹಡಿ. ಎರಡು. ಜಡ್ಜು ಹಿಡಿಯನ್ನು ಬಿಗಿಯಾಗಿ ಹಿಡಿದಿದ್ದರು. ಬಾಯೊಳಗೆ ಮೇಣ ಬೆಚ್ಚಗಾಗಿ ಮೆತ್ತಗಾಗುತ್ತಿರುವುದು ನಾಲಿಗೆಗೆ ಗೊತ್ತಾಗುತ್ತಿತ್ತು. ಮೂರನೇ ಮಹಡಿ ದಾಟಿತು. ಬೆಳಕು ಗಲ್ಲದ ಮೇಲೆ ಬಂತು, ತುಟಿಗೆ ಬಂತು.

"ಈಗ."

ಜಡ್ಜು ತುಟಿ ತೆರೆದರು. ಲಿಫ್ಟು ಒಂದು ಸಲ ಜಗ್ಗಿತು. ಹಲ್ಲು ಹೊರಬಿತ್ತು. ಮೊಣಕಾಲಿಗೆ ತಾಗಿ, ನೆಲಕ್ಕೆ ಬಿದ್ದು, ಬಾಗಿಲಿಗೂ ನೆಲಕ್ಕೂ ನಡುವಿನ ಸಂದಿಗೆ ಉರುಳಿ, ಕೆಳಗಿನ ಗುಂಡಿಗೆ ಹೊರಟುಹೋಯಿತು. ಟಕ್. ಸ್ವಲ್ಪ ಹೊತ್ತು ಬಿಟ್ಟು, ಟಕ್. ಇನ್ನೂ ಬಹಳ ಕೆಳಗಿಂದ, ಇನ್ನೊಂದು.

ನಿರ್ದೇಶಕಿ ಸಣ್ಣ ಪರದೆಯನ್ನೇ ನೋಡುತ್ತಿದ್ದಳು. ಸದ್ದನ್ನು ಲಿಫ್ಟಿನದೇ ಅಂದುಕೊಂಡಳು. ಕ್ಯಾಮೆರಾ ಓಡುತ್ತಿತ್ತು. ಜಡ್ಜು ತಲೆ ಎತ್ತಿದರು. ಎದುರಿನ ಮೂಲೆಯಲ್ಲಿ ಮೇಲ್ವಿಚಾರಕರು ಎರಡೂ ಕೈಯಿಂದ ತಮ್ಮ ಬಾಯಿಯನ್ನು ಗಟ್ಟಿಯಾಗಿ ಮುಚ್ಚಿಕೊಂಡು, ಕಣ್ಣು ಅಗಲಿಸಿ, ಎರಡು ಮೂರು ಸಲ ತಲೆ ಅಲ್ಲಾಡಿಸಿದರು. ತಮ್ಮದೇ ಹಲ್ಲು ಬಿದ್ದವರ ಹಾಗೆ. ಇಪ್ಪತ್ತೊಂದು ದಿನ ಜಡ್ಜು ಕನ್ನಡಿಯಲ್ಲಿ ನೋಡಿದ ಮುಖ ಅದು. ಬೇರೆಯವರ ಮೇಲೆ ಅದು ಎಷ್ಟು ಪೆದ್ದಾಗಿ ಕಾಣುತ್ತದೆಂದು ಅವರಿಗೆ ಗೊತ್ತಿರಲಿಲ್ಲ.

ಜಡ್ಜು ನಕ್ಕರು. ಮೊದಲು ಗಂಟಲಲ್ಲಿ. ಆಮೇಲೆ ಹೊಟ್ಟೆಯಿಂದ. ಬಾಯಿ ಪೂರ್ತಿ ತೆರೆದು, ಕಣ್ಣಲ್ಲಿ ನೀರು ಬಂದು, ಸ್ಟೂಲು ಅಲ್ಲಾಡುವಷ್ಟು ನಕ್ಕರು. ಲಿಫ್ಟು ನಾಲ್ಕನೇ ಮಹಡಿಗೆ ಬಂದು ನಿಂತರೂ ನಗು ನಿಲ್ಲಲಿಲ್ಲ.

"ಕಟ್" ಎಂದಳು ನಿರ್ದೇಶಕಿ. ಪರದೆಯಿಂದ ಕಣ್ಣೆತ್ತಿದಳು. "ಅಂಕಲ್. ಹಲ್ಲೆಲ್ಲಿ?"

ಜಡ್ಜಿನ ನಗು ಅಲ್ಲಿಗೇ ನಿಂತಿತು.

"ಗುಂಡಿಯಲ್ಲಿದೆ" ಎಂದರು ಮೇಲ್ವಿಚಾರಕರು. ಆಮೇಲೆ, ತಡೆದುಕೊಳ್ಳಲಾಗದೆ, ಮೆಟ್ಟಿಲಿಂದ ಹಿಡಿದು ಗುಂಡುಪಿನ್ನಿನ ಡಬ್ಬಿಯವರೆಗೆ ಎಲ್ಲವನ್ನೂ ಒಂದೇ ಉಸಿರಿನಲ್ಲಿ ಹೇಳಿದರು. ಆಣೆಯ ನೆನಪು ಬಂದದ್ದು ಹೇಳಿ ಮುಗಿಸಿದ ಮೇಲೆ.

"ರೀ, ಏನಾಯ್ತು?" ಕೆಳಗಿಂದ ಹೆಂಡತಿಯ ದನಿ ಕೇಳಿಸಿತು. "ಇದೆಯಾ?"

"ಇಲ್ಲ" ಎಂದು ಮೇಲ್ವಿಚಾರಕರು ಕೆಳಕ್ಕೆ ಕೂಗಿದರು.

ನಿರ್ದೇಶಕಿ ಲಿಫ್ಟಿನ ಗೋಡೆಗೆ ಒರಗಿದಳು. "ಇಪ್ಪತ್ತೊಂದು ದಿನ ಮಾತಾಡದೆ ಇದ್ರಾ? ಇದಕ್ಕೆ? ಅಯ್ಯೋ ಅಂಕಲ್, ಮೊದಲ ದಿನವೇ ಒಂದು ಮಾತು ಹೇಳಬಾರದಿತ್ತಾ? ಇದೇನು ದೊಡ್ಡ ವಿಷಯ. ಕಂಪ್ಯೂಟರಲ್ಲಿ ಕೂರಿಸ್ತೀನಿ. ಮೊದಲ ದೃಶ್ಯದ ಹಲ್ಲು ತೆಗೆದು ಇಲ್ಲಿಗೆ ಇಡೋದು. ಎರಡು ಗಂಟೆ ಕೆಲಸ."

"ಎರಡು ಗಂಟೆ" ಎಂದರು ಜಡ್ಜು.

"ಎರಡೂವರೆ ಇಟ್ಕೊಳ್ಳಿ. ಯಾರಿಗೂ ಗೊತ್ತಾಗಲ್ಲ."

"ಒಪ್ಕೊಳ್ಳಿ ಸಾರ್" ಎಂದರು ಮೇಲ್ವಿಚಾರಕರು. "ಮೊದಲು ಇದ್ದ ಹಲ್ಲು ಆಮೇಲೆ ಎಲ್ಲಿ ಹೋಯ್ತು ಅಂತ ಜನ ಕೇಳ್ತಾರೆ."

"ಅದೇ. ಪೋಸ್ಟರ್ ತುಂಬ ಇರೋದೂ ಅದೇ" ಎಂದಳು ನಿರ್ದೇಶಕಿ. "ಉತ್ಸವದವರು ಬಾಗಿಲಲ್ಲಿ ಆಳೆತ್ತರದ್ದು ಹಾಕಿದ್ದಾರಂತೆ."

"ಒಪ್ಕೊಳ್ರೀ" ಎಂದು ಕೆಳಗಿಂದ ಹೆಂಡತಿ ಕೂಗಿದಳು. ಅವಳಿಗೆ ಯಾವುದನ್ನು ಎಂಬುದು ಕೇಳಿಸಿರಲಿಲ್ಲ.

ಜಡ್ಜು ಕೈ ಚಾಚಿದರು. "ಒಂದು ಸಲ ತೋರಿಸಮ್ಮ."

ಕ್ಯಾಮೆರಾದವನು ಪರದೆಯನ್ನು ಅವರ ಕಡೆ ತಿರುಗಿಸಿದ. ಅಂಗೈಯಗಲದ ಪರದೆ. ಅದರಲ್ಲಿ ಒಬ್ಬ ಮುದುಕ ಸ್ಟೂಲಿನ ಮೇಲೆ ಕೂತಿದ್ದ. ಬೆಳಕು ಅವನ ಗಲ್ಲಕ್ಕೆ ಬಂತು, ತುಟಿಗೆ ಬಂತು. ಅವನು ತಲೆ ಎತ್ತಿ ಯಾರನ್ನೋ ನೋಡಿ ನಗತೊಡಗಿದ. ಹಣೆ, ಕಣ್ಣು, ಕಿವಿ, ಹೆಗಲು, ಎಲ್ಲ ನಗುತ್ತಿದ್ದವು. ಬಾಯ ನಡುವೆ ಒಂದು ಕಪ್ಪು ಕಿಂಡಿ ಇತ್ತು. ಅದರ ಸುತ್ತ ಪೂರ್ತಿ ಮನುಷ್ಯನಿದ್ದ. ಜಡ್ಜು ಕೊನೆಯವರೆಗೂ ನೋಡಿದರು. ಇನ್ನೊಂದು ಸಲ ಹಾಕೆಂದು ಬೆರಳಲ್ಲಿ ತೋರಿಸಿ, ಮತ್ತೆ ನೋಡಿದರು.

"ಎಡಕ್ಕೆ ವಾಲಿಸಿಯೇ ಇಡ್ತೀನಿ ಅಂಕಲ್, ಒಂದು ಕೂದಲೆಳೆ ವ್ಯತ್ಯಾಸ ಬರಲ್ಲ" ಎಂದಳು ನಿರ್ದೇಶಕಿ. "ಇಡಲಾ?"

"ಬೇಡ" ಎಂದರು ಜಡ್ಜು.